ಉದ್ಯೋಗವೋ, ಕರೆಯೋ? ಲೈಪ್ಸಿಗ್ ನಗರದಲ್ಲಿ ಬಾಖನ ಸಂಗೀತಸೇವೆ

ಸಭಾಚರಿತ್ರೆಯ ಓದುಗರಾದ ನಾವು ಯೋಹಾನ್ ಸೆಬಾಸ್ಟಿಯಾನ್ ಬಾಖನ (1685–1750) ಹೆಸರನ್ನು ಬಹುಮಟ್ಟಿಗೆ ‘ಐದನೆಯ ಸುವಾರ್ತಿಕ’ ಎಂಬ ಬಿರುದಿನೊಡನೆ ಕೇಳಿದ್ದೇವೆ. ಈ ಬಿರುದನ್ನು ಬಲವಾಗಿ ಅಲುಗಾಡಿಸಿದವರು ಜರ್ಮನಿಯ ಸಂಗೀತ ಚರಿತ್ರೆಕಾರ ಫ್ರೀಡ್ರಿಖ್ ಬ್ಲೂಮೆ. 1962ರಲ್ಲಿ ಮೈನ್ಸ್ ನಗರದಲ್ಲಿ ನೀಡಿದ ಉಪನ್ಯಾಸದಲ್ಲಿ ಅವರು, ಬಾಖನಿಗೆ ಸಭೆಯ ಸಂಗೀತಸೇವೆಯು ಹೃದಯದ ಕರೆಯಾಗಿರಲಿಲ್ಲ, ಮನಸ್ಸಿಲ್ಲದೆ ಒಪ್ಪಿಕೊಂಡ ಉದ್ಯೋಗವಾಗಿತ್ತು ಎಂದು ವಾದಿಸಿದರು. ಈ ವಾದವನ್ನು ಸಂಗೀತ ಪಂಡಿತರಿಗಷ್ಟೇ ಬಿಟ್ಟುಕೊಡುವಂತಿಲ್ಲ. ಸಭೆಯಿಂದ ಸಂಬಳ ಪಡೆದು ಸಭೆಗೆ ಸೇವೆ ಸಲ್ಲಿಸುವ ಪ್ರತಿಯೊಬ್ಬರ ಬಾಳಿನಲ್ಲಿಯೂ ಉದ್ಯೋಗ ಎಲ್ಲಿ ಮುಗಿಯುತ್ತದೆ, ಕರೆ ಎಲ್ಲಿ ತೊಡಗುತ್ತದೆ ಎಂಬ ಪ್ರಶ್ನೆ ಇದ್ದೇ ಇರುತ್ತದೆ. ಆದುದರಿಂದ ಬಾಖನ ಬಾಳನ್ನು ಸಾಕ್ಷಿಯಾಗಿಟ್ಟುಕೊಂಡು ಅದನ್ನು ಪರಿಶೀಲಿಸೋಣ.

ಬಾಖನು ಹುಟ್ಟಿದ್ದು ತ್ಯೂರಿಂಗಿಯಾ ಪ್ರಾಂತದ ಐಸೆನಾಖ್ ಊರಿನಲ್ಲಿ. ಆ ಊರಿನ ಮೇಲಿರುವ ವಾರ್ಟ್‌ಬುರ್ಗ್ ಕೋಟೆಯಲ್ಲಿಯೇ ಲೂಥರನು ಹೊಸ ಒಡಂಬಡಿಕೆಯನ್ನು ಜರ್ಮನ್ ಭಾಷೆಗೆ ತಂದಿದ್ದನು. ಹತ್ತು ವರುಷ ತುಂಬುವ ಮೊದಲೇ ತಾಯಿಯನ್ನೂ ತಂದೆಯನ್ನೂ ಕಳೆದುಕೊಂಡ ಬಾಲಕ ಬಾಖನು ಅಣ್ಣನ ಮನೆಯಲ್ಲಿ ಬೆಳೆದನು. ಮ್ಯೂಲ್‌ಹೌಸೆನ್ ಊರಿನ ದೇವಾಲಯದಲ್ಲಿ ಆರ್ಗನ್ ವಾದಕನಾಗಿದ್ದು, 1708ರಲ್ಲಿ ಆ ಕೆಲಸವನ್ನು ಬಿಡುವಾಗ ಬರೆದ ಪತ್ರದಲ್ಲಿ, ದೇವರ ಮಹಿಮೆಗಾಗಿ ಸುವ್ಯವಸ್ಥಿತವಾದ ಸಭಾಸಂಗೀತವನ್ನು ಕಟ್ಟುವುದೇ ತನ್ನ ಗುರಿಯೆಂದು ತಿಳಿಸಿದನು. ಮುಂದೆ 1717ರಿಂದ 1723ರ ವರೆಗೆ ಕ್ಯೋಥೆನ್ ಅರಸನ ಆಸ್ಥಾನ ಸಂಗೀತದ ಮುಖ್ಯಸ್ಥನಾಗಿದ್ದನು. ಅದು ಸುಧಾರಿತ ಪಂಥದ ಆಸ್ಥಾನವಾದ್ದರಿಂದ ಅಲ್ಲಿನ ಆರಾಧನೆಯಲ್ಲಿ ವಿಸ್ತಾರವಾದ ಸಂಗೀತಕ್ಕೆ ಎಡೆಯಿರಲಿಲ್ಲ. 1720ರಲ್ಲಿ ಅರಸನೊಡನೆ ಪರಊರಿಗೆ ಹೋಗಿ ಮರಳಿದಾಗ, ತನ್ನ ಹೆಂಡತಿ ಮರಿಯಾ ಬಾರ್ಬರಾ ತೀರಿಕೊಂಡು ಸಮಾಧಿಯಾಗಿದ್ದಾಳೆಂಬ ಸುದ್ದಿ ಅವನಿಗಾಗಿ ಕಾದಿತ್ತು.

1723ರಲ್ಲಿ ಲೈಪ್ಸಿಗಿನ ಸಂತ ತೋಮನ ಶಾಲೆಯ ಕ್ಯಾಂಟರ್ ಹುದ್ದೆಗೆ ಅವನ ನೇಮಕವಾಯಿತು. ನಗರ ಮಂಡಳಿಯ ಮೊದಲ ಆಯ್ಕೆ ಟೆಲೆಮಾನ್, ಅನಂತರದವನು ಗ್ರೌಪ್ನರ್. ಇವರಿಬ್ಬರೂ ದೊರೆಯದೆ ಹೋದಾಗ ಬಾಖನಿಗೆ ಅವಕಾಶ ಸಿಕ್ಕಿತು. ನೇಮಕಕ್ಕೆ ಮುನ್ನ ದೈವಜ್ಞಾನದಲ್ಲಿ ಅವನ ಪರೀಕ್ಷೆ ನಡೆಯಿತು. ಲೂಥರನ್ ಸಭೆಯ ವಿಶ್ವಾಸಪ್ರಮಾಣಗಳಿಗೆ ಅವನು ಸಹಿ ಹಾಕಬೇಕಾಯಿತು. ಸಂಗೀತವು ಬಹಳ ಉದ್ದವಾಗಬಾರದು, ನಾಟಕಶಾಲೆಯ ಸಂಗೀತದಂತೆ ಕೇಳಿಸಬಾರದು, ಕೇಳುವವರನ್ನು ಭಕ್ತಿಗೆ ಪ್ರೇರಿಸಬೇಕು ಎಂಬ ಷರತ್ತುಗಳಿಗೂ ಅವನು ಒಪ್ಪಿದನು. ಶಾಲೆಯ ಹುಡುಗರಿಗೆ ಲ್ಯಾಟಿನ್ ಪಾಠದ ಹೊಣೆಯೂ ಇದೇ ಹುದ್ದೆಗೆ ಸೇರಿತ್ತು. ಆ ಪಾಠವನ್ನು ತನ್ನ ಹಣ ಕೊಟ್ಟು ಬೇರೊಬ್ಬರಿಂದ ಮಾಡಿಸಿದನು.

ಅದೇ ವರುಷದ ಮೇ 30ರಂದು, ತ್ರಯೈಕ್ಯ ಹಬ್ಬದ ನಂತರದ ಮೊದಲನೆಯ ಭಾನುವಾರ, ಸಂತ ನಿಕೊಲಾಸನ ದೇವಾಲಯದಲ್ಲಿ ಅವನ ಸೇವೆ ಆರಂಭವಾಯಿತು. ಆಗಮನ ಕಾಲದ ಕೊನೆಯ ವಾರಗಳನ್ನೂ ಲೆಂಟ್ ಕಾಲವನ್ನೂ ಬಿಟ್ಟರೆ ಪ್ರತಿ ಭಾನುವಾರಕ್ಕೂ ಪ್ರತಿ ಹಬ್ಬಕ್ಕೂ ಒಂದು ಕ್ಯಾಂಟಾಟಾ ಬೇಕಾಗುತ್ತಿತ್ತು. ಅದು ಸುವಾರ್ತಾ ಪಾಠ ಮತ್ತು ಪ್ರಸಂಗಗಳ ನಡುವೆ, ಆ ದಿನದ ವಾಕ್ಯವನ್ನೇ ವಿವರಿಸುವ ಸಂಗೀತವಾಗಿತ್ತು. ಬಾಖನ ಸಭಾ ಕ್ಯಾಂಟಾಟಾಗಳಲ್ಲಿ ಸುಮಾರು 200 ನಮಗೆ ಉಳಿದಿವೆ. 1724ರ ಬೇಸಗೆಯಿಂದ ಸುಮಾರು ಒಂದು ವರುಷ ಅವನು ಸಭೆಯ ಜನರು ಬಾಯಿಪಾಠವಾಗಿ ಬಲ್ಲ ಕೊರಾಲ್ ಗೀತೆಗಳನ್ನೇ ಆಧಾರವಾಗಿಟ್ಟುಕೊಂಡು ವಾರವಾರವೂ ಹೊಸ ಕ್ಯಾಂಟಾಟಾ ರಚಿಸಿದನು.

ಬ್ಲೂಮೆಯವರ ವಾದ ಹುಟ್ಟಿದ್ದು ಇಲ್ಲಿಯೇ. ಈ ಕೃತಿಗಳು ಬಾಖನ ಲೈಪ್ಸಿಗ್ ಜೀವನದ 27 ವರುಷಗಳಲ್ಲಿ ಹರಡಿಕೊಂಡಿವೆಯೆಂದು ಹಿಂದಿನವರು ನಂಬಿದ್ದರು. 1957–58ರಲ್ಲಿ ಆಲ್ಫ್ರೆಡ್ ಡ್ಯೂರ್ ಮತ್ತು ಗೆಯೋರ್ಗ್ ಫಾನ್ ಡಾಡೆಲ್ಸೆನ್ ಎಂಬ ವಿದ್ವಾಂಸರು ಹಸ್ತಪ್ರತಿಗಳ ಕಾಗದದ ಗುರುತುಗಳನ್ನೂ ನಕಲುಗಾರರ ಕೈಬರಹಗಳನ್ನೂ ಪರೀಕ್ಷಿಸಿ, ಅವುಗಳಲ್ಲಿ ಬಹುಪಾಲು ಮೊದಲ ಕೆಲವೇ ವರುಷಗಳಲ್ಲಿ ರಚಿತವಾದವೆಂದು ತೋರಿಸಿದರು. ಹಾಗಾದರೆ ಅನಂತರ ಬಾಖನ ಉತ್ಸಾಹ ಬತ್ತಿಹೋಯಿತೇ?

ಬತ್ತಿಹೋಗಲು ಕಾರಣಗಳಂತೂ ಇದ್ದವು. 1730ರ ಆಗಸ್ಟ್ ತಿಂಗಳಲ್ಲಿ ನಗರ ಮಂಡಳಿಯವರು, ಬಾಖನು ಕೆಲಸದಲ್ಲಿ ಅಸಡ್ಡೆ ತೋರುತ್ತಾನೆ, ತಿದ್ದಲಾಗದವನು ಎಂದು ದೂರಿದರು. ಅದೇ ತಿಂಗಳ 23ರಂದು ಬಾಖನು ಒಂದು ಮನವಿಯನ್ನು ಸಲ್ಲಿಸಿದನು. ಒಂದು ಗಾನವೃಂದಕ್ಕೆ ಕನಿಷ್ಠ 12, ಸಾಧ್ಯವಾದರೆ 16 ಗಾಯಕರು ಬೇಕು. ಈಗಿರುವ ಹುಡುಗರಲ್ಲಿ 17 ಮಂದಿ ಉಪಯುಕ್ತರು, 20 ಮಂದಿ ಇನ್ನೂ ಪಳಗಬೇಕಾದವರು, 17 ಮಂದಿ ಸಂಗೀತಕ್ಕೆ ಒದಗದವರು ಎಂದು ಲೆಕ್ಕ ಕೊಟ್ಟನು. ಅಕ್ಟೋಬರ್ 28ರಂದು ಗೆಳೆಯ ಎರ್ಡ್‌ಮಾನನಿಗೆ ಬರೆದ ಪತ್ರವು ಇನ್ನೂ ಬಿಚ್ಚುಮನಸ್ಸಿನದು. ಮೇಲಧಿಕಾರಿಗಳಿಗೆ ಸಂಗೀತದಲ್ಲಿ ಆಸಕ್ತಿಯಿಲ್ಲ, ತನಗೆ ಸದಾ ಕಿರುಕುಳ, ಬೇರೆ ಕಡೆ ಕೆಲಸ ನೋಡಬೇಕಾಗಿದೆ ಎನ್ನುತ್ತಾನೆ. ಆದಾಯ ಸುಮಾರು 700 ಥಾಲರ್. ಹಿಂದಿನ ವರುಷ ಊರಿನ ಹವೆ ಚೆನ್ನಾಗಿದ್ದು ಶವಸಂಸ್ಕಾರಗಳು ಕಡಿಮೆಯಾದ್ದರಿಂದ ತನಗೆ 100 ಥಾಲರಿಗಿಂತ ಹೆಚ್ಚು ನಷ್ಟವಾಯಿತೆಂದೂ ಬರೆಯುತ್ತಾನೆ. 1739ರಲ್ಲಿ, ಅನುಮತಿಯಿಲ್ಲದೆ ಶುಭ ಶುಕ್ರವಾರದ ಶ್ರಮಾನುಭವ ಸಂಗೀತವನ್ನು ನಡೆಸಕೂಡದೆಂದು ಮಂಡಳಿಯು ತಿಳಿಸಿದಾಗ, ಅದರಿಂದ ತನಗೆ ಲಾಭವೇನೂ ಇಲ್ಲ, ಅದೊಂದು ಹೊರೆಯಷ್ಟೇ ಎಂದು ಅವನು ಉತ್ತರ ಕೊಟ್ಟನು. ಈ ಮಾತುಗಳನ್ನು ಮರೆಮಾಚಿ ಬಾಖನನ್ನು ಸಂತನನ್ನಾಗಿ ಚಿತ್ರಿಸುವುದು ಚರಿತ್ರೆಗೆ ಮಾಡುವ ಅನ್ಯಾಯ.

ಆದರೆ ಸಾಕ್ಷ್ಯಗಳು ಇಷ್ಟಕ್ಕೇ ಮುಗಿಯುವುದಿಲ್ಲ. ಬಾಖನು ಸತ್ತಾಗ ಅವನ ಮನೆಯಲ್ಲಿದ್ದ ದೈವಜ್ಞಾನ ಗ್ರಂಥಗಳ ಪಟ್ಟಿಯಲ್ಲಿ 52 ಶೀರ್ಷಿಕೆಗಳಿದ್ದವು. ಅವುಗಳಲ್ಲೊಂದು, ವಿದ್ವಾಂಸ ಕಾಲೋವನ ವ್ಯಾಖ್ಯಾನವನ್ನೊಳಗೊಂಡ ಮೂರು ಸಂಪುಟಗಳ ಲೂಥರ್ ಬೈಬಲ್. ಬಹುಕಾಲ ಕಣ್ಮರೆಯಾಗಿದ್ದ ಈ ಪ್ರತಿ 1934ರಲ್ಲಿ ಅಮೆರಿಕದ ಮಿಶಿಗನ್ ರಾಜ್ಯದ ಒಂದು ಮನೆಯಲ್ಲಿ ಸಿಕ್ಕಿತು. ಈಗ ಸೇಂಟ್ ಲೂಯಿಸ್ ನಗರದ ಕಾಂಕಾರ್ಡಿಯಾ ಸೆಮಿನರಿಯಲ್ಲಿದೆ. ಅದರಲ್ಲಿ ಬಾಖನ ಅಂಕಿತವೂ 1733 ಎಂಬ ಇಸವಿಯೂ ಇವೆ. ಅಚ್ಚಿನ ತಪ್ಪುಗಳನ್ನು ಅವನು ತಿದ್ದಿದ್ದಾನೆ, ಬಿಟ್ಟುಹೋದ ಪದಗಳನ್ನು ತುಂಬಿಸಿದ್ದಾನೆ, ಅಂಚಿನಲ್ಲಿ ಟಿಪ್ಪಣಿ ಬರೆದಿದ್ದಾನೆ. ದಾವೀದನು ಗಾಯಕರನ್ನು ನೇಮಿಸಿದ ಮೊದಲನೆಯ ಪೂರ್ವಕಾಲವೃತ್ತಾಂತ 25ನೆಯ ಅಧ್ಯಾಯದ ಬಳಿ, ದೇವರು ಮೆಚ್ಚುವ ಸಭಾಸಂಗೀತಕ್ಕೆಲ್ಲ ಇದೇ ತಳಹದಿ ಎಂಬ ಅರ್ಥದ ಮಾತಿದೆ. ಸೊಲೊಮೋನನ ದೇವಾಲಯವು ಗಾಯನದ ವೇಳೆ ಮೇಘದಿಂದ ತುಂಬಿದ ಪ್ರಸಂಗದ ಬಳಿ, ಭಕ್ತಿಯ ಸಂಗೀತವಿರುವಲ್ಲಿ ದೇವರ ಕೃಪಾಸಾನ್ನಿಧ್ಯ ಯಾವಾಗಲೂ ಇದೆಯೆಂಬ ಅರ್ಥದ ಟಿಪ್ಪಣಿಯಿದೆ. ಇವು ಯಾವ ಮಂಡಳಿಯ ಕಣ್ಣಿಗೂ ಬೀಳಲೆಂದು ಬರೆದವುಗಳಲ್ಲ. ಮತ್ತಾಯ 5ನೆಯ ಅಧ್ಯಾಯದ ವ್ಯಾಖ್ಯಾನದಲ್ಲಿ ಕೋಪದ ಕುರಿತಾದ ಭಾಗಕ್ಕೂ ಅವನು ಗುರುತು ಹಾಕಿದ್ದಾನೆ. ಸ್ವಂತಕ್ಕಾಗಿ ಕೋಪಿಸಿಕೊಳ್ಳುವುದು ಸಲ್ಲದು, ವಹಿಸಲ್ಪಟ್ಟ ಕೆಲಸದ ನಿಮಿತ್ತವಾದ ಕೋಪ ಕೆಲವೊಮ್ಮೆ ಅಗತ್ಯ ಎಂಬುದು ಆ ಭಾಗದ ಬೋಧನೆ. ಮೇಲಧಿಕಾರಿಗಳೊಡನೆ ಸೆಣಸುತ್ತಿದ್ದವನು ವಾಕ್ಯದ ಬೆಳಕಿನಲ್ಲಿ ತನ್ನನ್ನೇ ಪರೀಕ್ಷಿಸಿಕೊಳ್ಳುತ್ತಿದ್ದನೆಂದು ನಾವು ಭಾವಿಸಬಹುದು.

ಇನ್ನೊಂದು ಸಾಕ್ಷ್ಯ ಸಂಗೀತದಲ್ಲಿಯೇ ಇದೆ. ಮತ್ತಾಯನ ಸುವಾರ್ತೆಯನ್ನು ಆಧರಿಸಿದ ಶ್ರಮಾನುಭವ ಸಂಗೀತವು, ಈಗಿನ ವಿದ್ವಾಂಸರ ಅಭಿಪ್ರಾಯದಂತೆ, 1727ರ ಶುಭ ಶುಕ್ರವಾರದಂದು ಮೊದಲು ಕೇಳಿಬಂದಿತು. ಅದರ ಎರಡು ಭಾಗಗಳ ನಡುವೆ ಪ್ರಸಂಗಕ್ಕೆ ಸ್ಥಳವಿತ್ತು. ಯೇಸುವಿನ ಮಾತುಗಳ ಸುತ್ತ ತಂತಿವಾದ್ಯಗಳ ನಾದ ಪ್ರಭೆಯಂತೆ ಕವಿದಿರುತ್ತದೆ. ಶಿಲುಬೆಯ ಮೇಲೆ ಕೈಬಿಡಲ್ಪಟ್ಟವನ ಕೂಗಿನಲ್ಲಿ ಮಾತ್ರ ಆ ನಾದವಿಲ್ಲ. ಕಡೇ ಭೋಜನದ ವೇಳೆ ಯೇಸು ತನ್ನನ್ನು ಒಬ್ಬನು ಹಿಡಿದುಕೊಡುವನೆಂದಾಗ, ಶಿಷ್ಯರು ‘ನಾನೋ’ ಎಂದು ಕಳವಳದಿಂದ ಕೇಳುತ್ತಾರೆ. ಕೂಡಲೇ ಬರುವ ಕೊರಾಲ್‌ನಲ್ಲಿ, ಅಪರಾಧಿಯು ತಾನೇ ಎಂಬ ಒಪ್ಪಿಗೆ ಸಭೆಗೆ ಪರಿಚಿತವಾದ ರಾಗದಲ್ಲಿ ಕೇಳಿಬರುತ್ತದೆ. ಯೂದನ ಕಡೆಗೆ ಚಾಚಲಿದ್ದ ಬೆರಳು ಆರಾಧಕನ ಎದೆಗೇ ತಿರುಗುತ್ತದೆ. ಪ್ರಸಂಗ ಪೀಠದಿಂದ ನಾವು ಸಾಧಿಸಬಯಸುವುದು ಇದನ್ನಲ್ಲವೇ? 1736ರ ಸುಮಾರಿಗೆ ಬಾಖನು ಈ ಕೃತಿಯ ಶುದ್ಧಪ್ರತಿಯನ್ನು ಸ್ವತಃ ಬರೆದು, ಸುವಾರ್ತೆಯ ವಾಕ್ಯಗಳನ್ನು ಕೆಂಪು ಶಾಯಿಯಲ್ಲಿ ಎತ್ತಿತೋರಿಸಿದನು. ಉತ್ಸಾಹ ಬತ್ತಿದವನು ಕೈಗೊಳ್ಳುವ ಶ್ರಮ ಇದಲ್ಲ.

ಹಾಗಾದರೆ ನಮ್ಮ ತೀರ್ಮಾನವೇನು? ‘ಸುವಾರ್ತಿಕ’ ಎನ್ನುವವರೂ ‘ಉದ್ಯೋಗಸ್ಥ’ ಎನ್ನುವವರೂ ಒಂದೇ ತಪ್ಪನ್ನು ಮಾಡುತ್ತಾರೆ. ನಿಜವಾದ ಕರೆಯಿದ್ದವನು ಸಂಬಳದ ಲೆಕ್ಕ ಹಾಕುವುದಿಲ್ಲ, ದೂರು ಹೇಳುವುದಿಲ್ಲ, ಬೇಸರಪಡುವುದಿಲ್ಲ ಎಂದು ಇಬ್ಬರೂ ಎಣಿಸುತ್ತಾರೆ. ಯೆರೆಮೀಯನನ್ನೂ ಪೌಲನನ್ನೂ ಓದಿದವರು ಹಾಗೆ ಎಣಿಸಲಾರರು. ಎರ್ಡ್‌ಮಾನನಿಗೆ ಪತ್ರ ಬರೆದವನೂ ಬೈಬಲಿನ ಅಂಚಿನಲ್ಲಿ ಟಿಪ್ಪಣಿ ಬರೆದವನೂ ಒಬ್ಬನೇ. ಬೇರೆ ಕೆಲಸ ಹುಡುಕಬೇಕೆಂದವನು ಅಲ್ಲಿಯೇ ಇನ್ನೂ 20 ವರುಷ ದುಡಿದು, 1750ರ ಜುಲೈ 28ರಂದು ಅದೇ ಹುದ್ದೆಯಲ್ಲಿದ್ದಾಗ ತೀರಿಕೊಂಡನು.

ಈ ಚರಿತ್ರೆಯಲ್ಲಿ ಸಭೆಗೂ ಎಚ್ಚರಿಕೆಯಿದೆ. ಲೈಪ್ಸಿಗಿನ ಮಂಡಳಿಯವರು ದುಷ್ಟರಾಗಿರಲಿಲ್ಲ. ಅವರು ಹಾಜರಿಯನ್ನೂ ಖರ್ಚನ್ನೂ ಎಣಿಸಿದರು, ತಮ್ಮ ನಡುವೆ ವಾರವಾರವೂ ನಡೆಯುತ್ತಿದ್ದ ವಾಕ್ಯಸೇವೆಯನ್ನು ಮಾತ್ರ ಗುರುತಿಸಲಿಲ್ಲ. ಬಾಖನು ಬಳಸಿದಂತಹ ಕೊರಾಲ್ ಪರಂಪರೆಯು 1834ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನಿನವರ ಮೂಲಕ ನಮ್ಮ ಸಭೆಗಳಿಗೂ ತಲುಪಿದೆ. ಭಾನುವಾರದ ವಾಕ್ಯಪಾಠವನ್ನು ಓದಿ, ಅದಕ್ಕೊಪ್ಪುವ ಸಂಗೀತಗಳನ್ನು ಆರಿಸಿ, ಶನಿವಾರ ಸಂಜೆ ಹತ್ತಾರು ಮಂದಿಯನ್ನು ಕೂಡಿಸಿ ಕಲಿಸುವವರು ನಮ್ಮಲ್ಲಿಯೂ ಇದ್ದಾರೆ. ಅವರು ದೂರು ತಂದಾಗ ಅದನ್ನು ಭಕ್ತಿಯ ಕೊರತೆಯೆಂದು ತಳ್ಳಿಹಾಕುವ ಮೊದಲು, ಅದು ವಹಿಸಲ್ಪಟ್ಟ ಕೆಲಸದ ನಿಮಿತ್ತವಾದ ಕೋಪವೇ ಎಂದು ಸಭಾಪಾಲಕರಾದ ನಾವು ಕೇಳಿ ತಿಳಿಯಬೇಕು. ನಮ್ಮ ಸ್ವಂತ ಬೇಸರಗಳಿಗೂ ಅದೇ ಪ್ರಶ್ನೆಯನ್ನು ಹಾಕಿಕೊಳ್ಳುವುದು ಯುಕ್ತ.