ಅರ್ಚಕರ ಮನೆಯ ಒಲೆ

ಶ್ರವಣಬೆಳಗೊಳದ ಚಿಕ್ಕಬೆಟ್ಟದ ಮೇಲಿರುವ ಸವತಿಗಂಧವಾರಣ ಬಸದಿಯನ್ನು ಕಟ್ಟಿಸಿದವಳು ವಿಷ್ಣುವರ್ಧನನ ರಾಣಿ ಶಾಂತಲೆ. 1123ರಲ್ಲಿ ಅವಳು ಇದಕ್ಕೆ ಮೊಟ್ಟೆನವಿಲೆ ಎಂಬ ಊರನ್ನು ದತ್ತಿಯಾಗಿ ಬಿಟ್ಟಳು. ದೇವರ ಪೂಜೆ ನಡೆಯಬೇಕು, ಋಷಿಗಳಿಗೆ ಆಹಾರದಾನ ಆಗಬೇಕು. ಊರೊಳಗಿನ ಅಕ್ಕನ ಬಸದಿ 1181ರದು. ಅದನ್ನು ಕಟ್ಟಿಸಿದ ಆಚಿಯಕ್ಕ ಜೈನಳು. ಅವಳ ಗಂಡ, ಇಮ್ಮಡಿ ಬಲ್ಲಾಳನ ಮಂತ್ರಿ ಚಂದ್ರಮೌಳಿ, ಶೈವ. ದಾನ ಕೊಟ್ಟ ಹೆಣ್ಣುಮಕ್ಕಳ ಹೆಸರನ್ನು ಬೆಳಗೊಳದ ಕಲ್ಲುಗಳು ಧಾರಾಳವಾಗಿ ಹೇಳುತ್ತವೆ. ಆ ದಾನ ದಿನವೂ ಯಾರ ಒಲೆಯ ಮೇಲೆ ಬೇಯುತ್ತಿತ್ತು ಎನ್ನುವುದು ದತ್ತಿಶಾಸನದ ವಿಷಯವೇ ಅಲ್ಲ.

ದಿಗಂಬರ ಮುನಿ ಏನನ್ನೂ ಇಟ್ಟುಕೊಳ್ಳುವಂತಿಲ್ಲ, ಒಲೆ ಹಚ್ಚುವಂತಿಲ್ಲ. ಮಠದ ಭಟ್ಟಾರಕರು ಬ್ರಹ್ಮಚಾರಿಗಳು. ಹಾಗಾಗಿ ಬಸದಿಯ ನಿತ್ಯಪೂಜೆ ಸಂಸಾರಿಯಾದ ಅರ್ಚಕನ ಪಾಲಿನದು, ತಂದೆಯಿಂದ ಮಗನಿಗೆ ಬರುವ ಕೆಲಸ. ಅಷ್ಟವಿಧಾರ್ಚನೆಗೆ ಬೇಕಾದದ್ದು ಜಲ, ಗಂಧ, ಅಕ್ಷತೆ, ಪುಷ್ಪ, ಚರು, ದೀಪ, ಧೂಪ, ಫಲ. ಚರು ಎಂದರೆ ನೈವೇದ್ಯ. ಮಂತ್ರ ಗಂಡನದಾದರೂ ಅದಕ್ಕೆ ಮುಂಚಿನ ಕೆಲಸದಲ್ಲಿ ಹೆಂಡತಿಯ ಪಾಲು ಸಣ್ಣದಲ್ಲ ಎಂದೇ ನನ್ನ ಎಣಿಕೆ. ಅಕ್ಕಿ ಆರಿಸಬೇಕು. ನೀರನ್ನು ಬಟ್ಟೆಯಲ್ಲಿ ಸೋಸಬೇಕು. ಬಟ್ಟೆಯಲ್ಲಿ ಉಳಿದ ಸಣ್ಣ ಜೀವಗಳು ಸಾಯದ ಹಾಗೆ ಅದನ್ನು ಜಾಲಿಸಿ ಆ ನೀರನ್ನು ಬಾವಿಗೇ ಬಿಡಬೇಕು. ಈರುಳ್ಳಿ, ಬೆಳ್ಳುಳ್ಳಿ, ಗೆಡ್ಡೆಗಳು ಒಳಗೆ ಬರುವಂತಿಲ್ಲ.

ಮುನಿಗಳು ಊರಲ್ಲಿದ್ದರಂತೂ ಅಡುಗೆಮನೆಗೆ ಪರೀಕ್ಷೆಯ ದಿನ. ಅರ್ಚಕರ ಮನೆಗೂ ಉಳಿದ ಶ್ರಾವಕರ ಮನೆಗೂ ನಿಯಮ ಒಂದೇ. ಗಂಡ ಹೆಂಡತಿ ಮಡಿಯುಟ್ಟು ಕಲಶ ಹಿಡಿದು ಬಾಗಿಲಲ್ಲಿ ನಿಲ್ಲುತ್ತಾರೆ. ಮುನಿ ಯಾರಿಗೂ ಮೊದಲೇ ಹೇಳಿರುವುದಿಲ್ಲ. ಮನಸ್ಸಿನಲ್ಲಿ ಮಾಡಿಕೊಂಡ ಸಂಕಲ್ಪಕ್ಕೆ ಹೊಂದಿದರೆ ನಿಲ್ಲುತ್ತಾರೆ, ಇಲ್ಲವಾದರೆ ಮುಂದೆ ನಡೆಯುತ್ತಾರೆ. ನಿಂತರೆ ಪ್ರದಕ್ಷಿಣೆ ಬಂದು, ಮನ ವಚನ ಕಾಯ ಶುದ್ಧ, ಆಹಾರ ಜಲ ಶುದ್ಧ ಎಂದು ಹೇಳಿ ಒಳಗೆ ಕರೆಯಬೇಕು. ಈ ಮಾತಿನ ಜಾಮೀನು ಅಡುಗೆ ಮಾಡಿದವಳೇ.

ಮುನಿಗೆ ದಿನಕ್ಕೊಂದೇ ಊಟ, ಅದೂ ನಿಂತುಕೊಂಡು, ಬೊಗಸೆಯಲ್ಲಿ. ಬೊಗಸೆಯಲ್ಲಿ ಒಂದು ಕೂದಲು ಕಂಡಿತೋ, ಒಂದು ಇರುವೆ ಸತ್ತಿದ್ದು ಕಂಡಿತೋ, ಅಂತರಾಯ. ಕೈ ಬಿಟ್ಟುಬಿಡುತ್ತಾರೆ. ಮತ್ತೆ ಅನ್ನ ನೀರು ಎರಡೂ ಮರುದಿನವೇ. ಮೊದಲ ತುತ್ತಿನಲ್ಲೇ ಹಾಗಾದರೂ ಅಷ್ಟೇ. ಅವರು ಮಾತಿಲ್ಲದೆ ಹೊರಟುಹೋಗುತ್ತಾರೆ. ಬಡಿಸಿದವಳು ತಟ್ಟೆ ಹಿಡಿದು ನಿಂತೇ ಇರುತ್ತಾಳೆ. ಹೊತ್ತು ಮುಳುಗುವುದರೊಳಗೆ ಮನೆಯವರೂ ಉಂಡು ಒಲೆ ಆರಿಸಬೇಕು. ಅಂಥ ದಿನ ಅವಳಿಗೆ ಊಟ ಸೇರುತ್ತಿತ್ತೇ?