ನಗರ ದಂಗೆ ಮತ್ತು ತರೀಕೆರೆ ಸೀಮೆ

ಮೈಸೂರು ಸಂಸ್ಥಾನದ ವಾಯವ್ಯ ಭಾಗದಲ್ಲಿ 1830–31ರಲ್ಲಿ ನಡೆದ ರೈತ ಬಂಡಾಯ. ಮೂರನೇ ಕೃಷ್ಣರಾಜ ಒಡೆಯರ ಆಡಳಿತದ ವಿರುದ್ಧ ನಗರ ಫೌಜುದಾರಿ ಎಂಬ ಆಡಳಿತ ವಿಭಾಗದಲ್ಲಿ ಹೊತ್ತಿಕೊಂಡು, ಈಗಿನ ಚಿಕ್ಕಮಗಳೂರು ಜಿಲ್ಲೆಯ ತರೀಕೆರೆ ಕಡೆಯ ಬೆಟ್ಟಗಳಿಗೂ ಹಬ್ಬಿತು.

ಮೂಲದಲ್ಲಿ ಇದು ಕಂದಾಯದ ಜಗಳ. ಶರತ್ತಿನ ಪದ್ಧತಿಯಲ್ಲಿ ಅಮಲ್ದಾರ ಖಜಾನೆಗೆ ಇಂತಿಷ್ಟು ಹಣ ಕಟ್ಟುವುದಾಗಿ ಮುಚ್ಚಳಿಕೆ ಬರೆದುಕೊಡುತ್ತಿದ್ದ. ಕಡಿಮೆ ಬಿದ್ದರೆ ಅವನ ಕೈಯಿಂದಲೇ ಹೋಗಬೇಕು. ಹಾಗಾಗಿ ಮಳೆ ಕೈಕೊಟ್ಟ ವರ್ಷವೂ ರೈತನಿಗೆ ವಿನಾಯಿತಿ ಇರಲಿಲ್ಲ. ಸಾಲದ್ದಕ್ಕೆ, ಫೌಜುದಾರನಾಗಿದ್ದ ರಾಮರಾವ್ ತನ್ನ ನಂಟರಿಷ್ಟರನ್ನೇ ಹುದ್ದೆಗಳಲ್ಲಿ ಕೂರಿಸಿದ್ದ. ದೂರು ಹೇಳಿಕೊಳ್ಳಲು ಹೋದವನಿಗೆ ಅಲ್ಲೂ ಅದೇ ಬಳಗ ಎದುರಾಗುತ್ತಿತ್ತು. 1830ರ ಆಗಸ್ಟ್‌ನಲ್ಲಿ ಬಸವಾಪಟ್ಟಣದಲ್ಲಿ ರೈತರು ಕೂಟ ಸೇರಿದರು.

ಆದರೆ ಕಂದಾಯದ ಸಿಟ್ಟಿಗೆ ಒಬ್ಬ ಅರಸನೂ ಬೇಕಾದ. ಕೆಳದಿ ಅರಸರ ರಾಜಧಾನಿ ಬಿದನೂರು, ಅಂದರೆ ಈ ನಗರ, 1763ರಲ್ಲಿ ಮೈಸೂರಿನ ಹೈದರನ ಕೈಸೇರಿತ್ತು. ಎರಡು ತಲೆಮಾರು ಕಳೆದರೂ ಈ ಸೀಮೆಯವರಿಗೆ ಮೈಸೂರು ದೂರದ ದೊರೆತನವೇ. ಸಾದರ ಮಲ್ಲನೆಂಬವನು ಬೂದಿ ಬಸವಪ್ಪನೆಂಬ ಹೆಸರಿನಲ್ಲಿ ತಾನು ಕೆಳದಿ ವಂಶದವನೆಂದು ಹೇಳಿಕೊಂಡಾಗ ಜನ ಅವನನ್ನು ನಗರದ ದೊರೆಯೆಂದು ಒಪ್ಪಿದರು. ಸತ್ತ ಜಂಗಮನೊಬ್ಬನ ಬಳಿಯಿದ್ದ ಹಳೆಯ ಅರಸರ ಮುದ್ರೆಗಳನ್ನು ಅವನು ಎತ್ತಿಕೊಂಡಿದ್ದನೆಂದು ಬ್ರಿಟಿಷ್ ಬರಹಗಳು ಹೇಳುತ್ತವೆ. ಗೆದ್ದವರು ಬರೆದ ಮಾತಿದು, ಅಷ್ಟರಮಟ್ಟಿಗೆ ಎಚ್ಚರದಿಂದ ಓದಬೇಕು. ಅವನ ವಂಶ ಸುಳ್ಳೇ ಇದ್ದಿರಬಹುದು. ರೈತರಿಗೆ ಬೇಕಿದ್ದುದು ತಮ್ಮ ಸೀಮೆಯದೆನ್ನಬಹುದಾದ ಒಂದು ಗದ್ದುಗೆ.

ತರೀಕೆರೆಯಲ್ಲಿ ಅಂಥ ಹುಡುಕಾಟ ಬೇಕಾಗಲಿಲ್ಲ. ಸಂತೇಬೆನ್ನೂರಿನ ಹೊಂಡ ಕಟ್ಟಿಸಿದ ನಾಯಕರ ಕುಲವೇ ಅಲ್ಲಿನ ಪಾಳೆಯಗಾರರದು. ಆ ಮನೆಯ ರಂಗಪ್ಪ ನಾಯಕ ಮೈಸೂರು ಬಿಟ್ಟು ಬಂದು ದಂಗೆಕೋರರನ್ನು ಕೂಡಿಕೊಂಡ. ಕಲ್ದುರ್ಗ, ಕಾಮನದುರ್ಗಗಳನ್ನು ಹಿಡಿದ. ಬಯಲಿನ ರೈತನಿಗೆ ಕೂಟ ಹೇಗೋ, ನಾಯಕನಿಗೆ ಬೆಟ್ಟದ ಕೋಟೆ ಹಾಗೆ. ಇಬ್ಬರ ಗುರಿ ಒಂದೇ ಆಗಿತ್ತೆನ್ನುವುದು ಕಷ್ಟ: ಒಬ್ಬನಿಗೆ ಕಂದಾಯ ಇಳಿಯಬೇಕಿತ್ತು, ಇನ್ನೊಬ್ಬನಿಗೆ ಅದನ್ನು ಎತ್ತುವ ಹಕ್ಕು ಮರಳಬೇಕಿತ್ತು.

1831ರ ಜೂನ್‌ನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸೇನೆ ನಗರವನ್ನು ಹಿಡಿಯಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಗವರ್ನರ್ ಜನರಲ್ ಬೆಂಟಿಂಕ್ ಒಡೆಯರಿಂದ ಆಡಳಿತವನ್ನೇ ತೆಗೆದುಕೊಂಡು ಬ್ರಿಟಿಷ್ ಕಮಿಷನರರ ಕೈಗಿತ್ತ. ಅದು ಅರಮನೆಗೆ ಮರಳಿದ್ದು 1881ರಲ್ಲಿ. ತರೀಕೆರೆ ಮನೆತನದ ಸರ್ಜಾ ಹನುಮಪ್ಪ ನಾಯಕ ಮಾತ್ರ ಕಾಡು ಬಿಟ್ಟಿರಲಿಲ್ಲ. ಅವನನ್ನು ಹಿಡಿದು 1834ರಲ್ಲಿ ಗಲ್ಲಿಗೇರಿಸಲಾಯಿತು. ಕಮಿಷನರರ ಕಾಲದಲ್ಲೇ, 1863ರಲ್ಲಿ, ತರೀಕೆರೆ ಸೀಮೆ ಹೊಸ ಕಡೂರು ಜಿಲ್ಲೆಗೆ ಸೇರಿತು.