ಕುಟುಂಬ ಅಂದ್ರೆ ಯಾರ್ಯಾರು?

ಕೆಲಸಕ್ಕೆ ಸೇರಿದ ಮೊದಲ ದಿನ ಎಚ್.ಆರ್. ಕೊಟ್ಟ ಫಾರ್ಮುಗಳ ರಾಶಿಯಲ್ಲಿ 'ನಾಮಿನಿ' ಅಂತ ಒಂದು ಕಾಲಂ ಇತ್ತು. ಅಮ್ಮನ ಹೆಸರು ಬರೆದು ಐದೇ ಸೆಕೆಂಡಿಗೆ ಮುಂದಿನ ಪುಟಕ್ಕೆ ಹೋದೆ. ನೀವೂ ಹಾಗೇ ಮಾಡಿರ್ತೀರಿ. ಯಾರ ಹೆಸರು ಬರೀತೀವೋ ದುಡ್ಡು ಅವರಿಗೇ ಸೇರುತ್ತೆ ಅನ್ನೋದು ನಮ್ಮ ನಂಬಿಕೆ.

ಸರ್ಕಾರಿ ನೌಕರರ ಕುಟುಂಬ ಪಿಂಚಣಿಯಲ್ಲಿ ಹಾಗಿಲ್ಲ. ಅಲ್ಲಿ ಕುಟುಂಬ ಅಂದ್ರೆ ಯಾರು ಅಂತ ಹೇಳೋದು ನಿಯಮ. ಆ ನಿಯಮದ ಬೇಲಿಯಾಚೆ ಉಳಿದವರು ಕೋರ್ಟಿನ ಮೆಟ್ಟಿಲು ಹತ್ತಿ ಹತ್ತಿಯೇ ಬೇಲಿ ಸ್ವಲ್ಪ ಸ್ವಲ್ಪ ಸರಿದಿದೆ.

ಕೇಂದ್ರ ಸರ್ಕಾರದ ಕುಟುಂಬ ಪಿಂಚಣಿ ಯೋಜನೆ ಶುರುವಾದದ್ದು 1964ರ ಜನವರಿ 1ರಂದು. ಅದೇನೂ ಪುಕ್ಕಟೆ ಇರಲಿಲ್ಲ. ನೌಕರ ತನ್ನ ಗ್ರಾಚ್ಯುಟಿಯಲ್ಲಿ ಎರಡು ತಿಂಗಳ ಸಂಬಳದಷ್ಟು ಬಿಟ್ಟುಕೊಡಬೇಕಿತ್ತು. 1977ರ ಸೆಪ್ಟೆಂಬರ್ 22ರಿಂದ ಆ ಕಡಿತ ನಿಂತಿತು. ಆದರೆ 1964ಕ್ಕೆ ಮೊದಲೇ ನಿವೃತ್ತರಾಗಿದ್ದವರ ಹೆಂಡತಿಯರ ಕಥೆ? ಯೋಜನೆ ಬರೋ ಮುಂಚೆ ಗಂಡ ರಿಟೈರ್ ಆದದ್ದು ಅವರ ತಪ್ಪೇ?

ಇದಕ್ಕೆ ದಾರಿ ತೆರೆದದ್ದು 1982ರ ಡಿಸೆಂಬರ್ 17ರ ನಕಾರಾ ತೀರ್ಪು. ಪಿಂಚಣಿ ಸರ್ಕಾರ ಕೊಡೋ ಭಿಕ್ಷೆಯಲ್ಲ, ದುಡಿದವರ ಹಕ್ಕು. ನಿವೃತ್ತಿಯ ತಾರೀಖು ಹಿಡಿದು ಪಿಂಚಣಿದಾರರನ್ನು ಮನಸ್ಸಿಗೆ ಬಂದಂತೆ ಎರಡು ಪಂಗಡ ಮಾಡೋ ಹಾಗಿಲ್ಲ ಅಂತ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಹೇಳಿತು. ಡಿಸೆಂಬರ್ 17 ಇವತ್ತಿಗೂ ಪಿಂಚಣಿದಾರರ ದಿನ. ಮುಂದೆ 1985ರ ಪೂನಮಾಳ್ ಪ್ರಕರಣದಲ್ಲಿ, ಯೋಜನೆಯಿಂದ ಹೊರಗುಳಿದಿದ್ದ ವಿಧವೆಯರಿಗೂ 1977ರ ಸೆಪ್ಟೆಂಬರ್ 22ರಿಂದ ಲೆಕ್ಕ ಹಾಕಿ ಪಿಂಚಣಿ ಕೊಡೋದು ತೀರ್ಮಾನವಾಯ್ತು.

ನಂತರದ ಪ್ರಶ್ನೆ: ನಿವೃತ್ತಿಯಾದ ಮೇಲೆ ಮದುವೆಯಾದರೆ? ನಿಯಮದ ಪ್ರಕಾರ ಅಂಥ ಹೆಂಡತಿ, ಆಮೇಲೆ ಹುಟ್ಟಿದ ಮಕ್ಕಳು ಕುಟುಂಬವೇ ಅಲ್ಲ! 1989ರ ಭಗವಂತಿ ಪ್ರಕರಣದಲ್ಲಿ ಕೋರ್ಟು ಈ ಭೇದವನ್ನು ತೆಗೆದುಹಾಕಿತು. 1991ರಲ್ಲಿ ಬಂದದ್ದು ರೈಲ್ವೆ ನೌಕರರೊಬ್ಬರ ಕೇಸು. ಅವರು ಹೆಂಡತಿಯನ್ನು ಬಿಟ್ಟು ತಮ್ಮ ಸೋದರನ ಹೆಸರಿಗೆ ಉಯಿಲು ಬರೆದಿದ್ದರು. ಕುಟುಂಬ ಪಿಂಚಣಿ ಸತ್ತವನ ಆಸ್ತಿಯೇ ಅಲ್ಲ, ಹಾಗಾಗಿ ಅದನ್ನು ಉಯಿಲಿನಲ್ಲಿ ಬರೆದುಕೊಡೋಕೆ ಬರೋದಿಲ್ಲ ಅಂದಿತು ಕೋರ್ಟು. ಪಿಂಚಣಿ ಹೆಂಡತಿಗೆ ಸೇರಿತು. ನಾಮಿನಿ ಕಾಲಂ ಬಗ್ಗೆ ನನ್ನ ನಂಬಿಕೆ ಅಲ್ಲಾಡಿದ್ದು ಇದನ್ನು ಓದಿದ ಮೇಲೆ.

ಎಲ್ಲಾ ತೀರ್ಪುಗಳೂ ಬಾಗಿಲು ತೆರೆದಿಲ್ಲ. 2000ದಲ್ಲಿ ಬಿಹಾರದ ಪ್ರಕರಣವೊಂದರಲ್ಲಿ ನೌಕರನಿಗೆ ಇಬ್ಬರು ಹೆಂಡತಿಯರು. ಮೊದಲನೆಯವಳು ಇರುವಾಗಲೇ ಆದ ಎರಡನೇ ಮದುವೆ ಹಿಂದೂ ವಿವಾಹ ಕಾಯ್ದೆಯಡಿ ಅಸಿಂಧು, ಆದ್ದರಿಂದ ಎರಡನೆಯವಳಿಗೆ ಏನೂ ಇಲ್ಲ. ಆದರೆ ಅವಳ ಮಕ್ಕಳು ಕಾನೂನಿನ ಕಣ್ಣಲ್ಲಿ ಸಕ್ರಮ ಸಂತಾನ. ಪ್ರಾಯಕ್ಕೆ ಬರೋವರೆಗೆ ಅವರಿಗೂ ಪಾಲು. ಅಪ್ಪನ ತಪ್ಪಿಗೆ ಮಕ್ಕಳನ್ನು ಉಪವಾಸ ಕೆಡವಲಿಲ್ಲ. ಆದರೆ ಅದೇ ಒಲೆಯ ಮುಂದೆ ವರ್ಷಗಟ್ಟಲೆ ಕೂತ ಆ ಹೆಂಗಸು ಬರಿಗೈಲಿ ಉಳಿದಳು. ಇದು ನನಗೆ ಇವತ್ತಿಗೂ ಪೂರ್ತಿ ಒಗ್ಗದ ತೀರ್ಪು. ಹಾಗಂತ ಮೊದಲನೆಯವಳ ಪಾಲನ್ನು ಕಿತ್ತು ಕೊಡಿ ಅನ್ನೋದಕ್ಕೂ ಬಾಯಿ ಬರಲ್ಲ.

2023ರ ಜನವರಿಯಲ್ಲಿ ಇನ್ನೊಂದು. ನಾಗ್ಪುರದ ನಿವೃತ್ತ ಕೇಂದ್ರ ನೌಕರರೊಬ್ಬರು 1994ರಲ್ಲಿ ತೀರಿಕೊಂಡರು. ಪತ್ನಿ 1996ರಲ್ಲಿ ಮಗನನ್ನು ದತ್ತು ತೆಗೆದುಕೊಂಡರು. ಆ ಮಗ ಕುಟುಂಬ ಪಿಂಚಣಿ ಕೇಳಿದ. ತೀರ್ಪು ಬರೆದವರು ನಮ್ಮ ಕರ್ನಾಟಕದವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ. ದತ್ತು ಕಾನೂನಿನಲ್ಲಿ ಅವನು ಮಗನೇ ಇರಬಹುದು, ಆದರೆ ಪಿಂಚಣಿಗೆ ನೌಕರನ ಜೊತೆಗೇ ಸಂಬಂಧ ಇರಬೇಕು. ಅವನು ಸತ್ತ ಮೇಲೆ ಬಂದ ದತ್ತುಮಗ ಲೆಕ್ಕಕ್ಕಿಲ್ಲ ಎಂದರು. ಅಂದ್ರೆ ಮನೆಯೊಳಗಿನ ಕುಟುಂಬವೇ ಬೇರೆ, ಫೈಲಿನೊಳಗಿನ ಕುಟುಂಬವೇ ಬೇರೆ.

ಫೈಲೂ ಕೆಲವೊಮ್ಮೆ ಮನೆಯ ಮಾತು ಕೇಳಿಸಿಕೊಳ್ಳುತ್ತೆ. ಗಂಡನ ಜೊತೆ ವಿಚ್ಛೇದನದ ಕೇಸೋ ಕೌಟುಂಬಿಕ ದೌರ್ಜನ್ಯದ ಕೇಸೋ ನಡೀತಿದ್ದರೆ, ಗಂಡನಿಗಿಂತ ಮೊದಲು ಮಕ್ಕಳಿಗೆ ಪಿಂಚಣಿ ಕೊಡಿ ಅಂತ ಬರೆದುಕೊಡೋ ಅವಕಾಶವನ್ನು ಮಹಿಳಾ ನೌಕರರಿಗೆ ಕೇಂದ್ರ ಸರ್ಕಾರ 2024ರ ಜನವರಿಯಲ್ಲಿ ಕೊಟ್ಟಿತು.

ನಮ್ಮೂರಲ್ಲಿ ತೀರಿಕೊಂಡ ಮೇಷ್ಟ್ರ ಹೆಂಡತಿಗೆ ಅಂಗಡಿಯವನು ಕೇಳದೆ ಸಾಲ ಕೊಡ್ತಿದ್ದ, ತಿಂಗಳ ಮೊದಲ ವಾರ ಆಕೆ ತೀರಿಸೋದು ಅವನಿಗೆ ಗೊತ್ತಿತ್ತು. ಆ ನಂಬಿಕೆ ನಿಂತಿದ್ದು ಒಂದು ಪಿಂಚಣಿ ಆದೇಶದ ಮೇಲೆ. ನಿಮ್ಮ ಮನೆಯಲ್ಲಿ ಸರ್ಕಾರಿ ನೌಕರಿ ಮಾಡಿದವರಿದ್ದರೆ, ಮುಂದಿನ ಸಲ ಊರಿಗೆ ಹೋದಾಗ ಆ ಕಾಗದ ತೆಗೆದು ನೋಡಿ. ಅಮ್ಮನ ಹೆಸರು ಇದೆಯಾ, ಆಧಾರಿನಲ್ಲಿ ಇರೋ ಹಾಗೇ ಇದೆಯಾ? ಅಪ್ಪ ಇರುವಾಗಲೇ ಇದನ್ನು ಸರಿ ಮಾಡಿಸೋದು ಸುಲಭ.